ಜಾಮೀನು ಸಿಕ್ಕಿದೆ, ಬಿಡುಗಡೆ ಆಗಿಲ್ಲ: ಆದೇಶದಿಂದ ಜೈಲಿನ ಗೇಟಿನವರೆಗೆ ಸಮಗ್ರ ಮಾರ್ಗದರ್ಶಿ

ಜಾಮೀನು ಮಂಜೂರಾದ ದಿನವೇ ಮನೆಯವರು ಬಟ್ಟೆಬರೆ ಹಿಡಿದು ಜೈಲಿನ ಗೇಟಿನ ಮುಂದೆ ನಿಲ್ಲುತ್ತಾರೆ. ಕತ್ತಲಾದರೂ ಒಳಗಿನವರು ಬರುವುದಿಲ್ಲ. ಹಾಗೆಯೇ ವಾರ ಕಳೆಯುತ್ತದೆ, ಕೆಲವರಿಗೆ ತಿಂಗಳೂ ಕಳೆಯುತ್ತದೆ. ಜಾಮೀನು ಆದೇಶ ಎಂದರೆ ‘ಇಷ್ಟು ಷರತ್ತು ಪೂರೈಸಿದರೆ ಬಿಡಬಹುದು’ ಎಂಬ ಮಾತು, ಅಷ್ಟೇ. ಜೈಲಿನವರು ಕಾಯುವುದು ಇನ್ನೊಂದು ಕಾಗದಕ್ಕೆ, ಅದರ ಹೆಸರು ಬಿಡುಗಡೆ ಆದೇಶ. ಮೊದಲ ಕಾಗದದಿಂದ ಎರಡನೆಯ ಕಾಗದದವರೆಗಿನ ಓಡಾಟ ಬಹುಪಾಲು ಮನೆಯವರ ಮೇಲೆಯೇ ಬೀಳುತ್ತದೆ, ಅದನ್ನು ಮೊದಲೇ ಹೇಳುವವರು ಕಡಿಮೆ.

ಇಲ್ಲಿರುವುದು ಕರ್ನಾಟಕದ ನ್ಯಾಯಾಲಯಗಳಲ್ಲಿ ಸಾಮಾನ್ಯವಾಗಿ ನಡೆಯುವ ಕ್ರಮ. 2024ರ ಜುಲೈ 1ರಿಂದ ದಂಡ ಪ್ರಕ್ರಿಯಾ ಸಂಹಿತೆಯ ಜಾಗಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂದಿದೆ. ಕೆಳಗಿನ ಕಲಂ ಸಂಖ್ಯೆಗಳು ಹೊಸ ಸಂಹಿತೆಯವು. ಹಳೆಯ ಪ್ರಕರಣಗಳ ಕಾಗದದಲ್ಲಿ ಹಳೆಯ ಸಂಖ್ಯೆಗಳೇ ಇರುತ್ತವೆ, ಗಾಬರಿ ಬೇಡ.

## ಹೊರಡುವ ಮೊದಲು: ಒಂದು ಹಾಳೆಯಲ್ಲಿ ಬರೆದಿಟ್ಟುಕೊಳ್ಳಿ

ಪೊಲೀಸ್ ಠಾಣೆಯ ಹೆಸರು, ಅಪರಾಧ ಸಂಖ್ಯೆ ಅಂದರೆ ಕ್ರೈಂ ನಂಬರ್ ಮತ್ತು ವರ್ಷ, ಹಾಕಿರುವ ಕಲಂಗಳು, ಪ್ರಕರಣ ಈಗ ಯಾವ ನ್ಯಾಯಾಲಯದಲ್ಲಿದೆ, ಅಲ್ಲಿನ ಸಂಖ್ಯೆ ಏನು, ಇ-ಕೋರ್ಟ್ಸ್ ಜಾಲತಾಣದಲ್ಲಿ ಪ್ರಕರಣ ಹುಡುಕಲು ಬೇಕಾದ 16 ಅಕ್ಷರ-ಅಂಕಿಗಳ ಸಿಎನ್‌ಆರ್ ಸಂಖ್ಯೆ, ಬಂಧನದ ದಿನಾಂಕ, ಮೊದಲ ಬಾರಿ ನ್ಯಾಯಾಲಯಕ್ಕೆ ಹಾಜರುಪಡಿಸಿದ ದಿನಾಂಕ, ಜೈಲಿನಲ್ಲಿ ಕೊಟ್ಟಿರುವ ಯುಟಿಪಿ ನಂಬರ್. ಯುಟಿಪಿ ಎಂದರೆ ವಿಚಾರಣಾಧೀನ ಕೈದಿಗೆ ಕೊಡುವ ಸಂಖ್ಯೆ.

ಇದರಲ್ಲಿ ಎಲ್ಲರೂ ಮರೆಯುವುದು ಕೊನೆಯದನ್ನು. ಒಂದೇ ಜೈಲಿನಲ್ಲಿ ಒಂದೇ ಹೆಸರಿನ ನಾಲ್ಕು ಜನರಿರಬಹುದು. ಸಂಖ್ಯೆ ಗೊತ್ತಿದ್ದರೆ ವಿಚಾರಿಸುವ ಕೆಲಸ ಐದು ನಿಮಿಷದಲ್ಲಿ ಮುಗಿಯುತ್ತದೆ, ಇಲ್ಲದಿದ್ದರೆ ಅರ್ಧ ದಿನ ಹೋಗುತ್ತದೆ.

## ಹಂತ 1: ಆದೇಶದ ಪ್ರತಿ ತೆಗೆದುಕೊಂಡು ಸಾಲು ಸಾಲಾಗಿ ಓದಿ

ವಕೀಲರು ಫೋನಿನಲ್ಲಿ ಹೇಳಿದ್ದನ್ನು ನಂಬಿ ಮುಂದಿನ ಕೆಲಸ ಶುರುಮಾಡಬೇಡಿ. ಅವರು ಸುಳ್ಳು ಹೇಳುತ್ತಾರೆಂದಲ್ಲ. ಒಂದು ಪದದ ವ್ಯತ್ಯಾಸಕ್ಕೆ ಜಾಮೀನುದಾರರ ಸಂಖ್ಯೆಯೇ ಬದಲಾಗಿಬಿಡುತ್ತದೆ. ಜಿಲ್ಲಾ ನ್ಯಾಯಾಲಯಗಳ ಆದೇಶ ಇ-ಕೋರ್ಟ್ಸ್ ಜಾಲತಾಣದಲ್ಲಿ, ಹೈಕೋರ್ಟಿನ ಆದೇಶ ಅದರದೇ ಜಾಲತಾಣದಲ್ಲಿ ಸಿಗುತ್ತದೆ. ಆದರೆ ಶ್ಯೂರಿಟಿ ಕೊಡುವಾಗ, ಅಂದರೆ ಜಾಮೀನುದಾರರನ್ನು ನ್ಯಾಯಾಲಯದ ಮುಂದೆ ನಿಲ್ಲಿಸುವಾಗ, ಪ್ರಮಾಣೀಕೃತ ಪ್ರತಿಯನ್ನೇ ಕೇಳಬಹುದು. ಅದಕ್ಕೆ ಆದೇಶವಾದ ದಿನವೇ ನಕಲು ಅರ್ಜಿ ಹಾಕಿಸಿ.

ಓದುವಾಗ ಐದು ವಿಷಯಗಳ ಕೆಳಗೆ ಗೆರೆ ಎಳೆಯಿರಿ: ಆರೋಪಿಯ ಸ್ವಂತ ಮುಚ್ಚಳಿಕೆಯ ಅಂದರೆ ಬಾಂಡಿನ ಮೊತ್ತ, ಜಾಮೀನುದಾರರು ಒಬ್ಬರೋ ಇಬ್ಬರೋ, ‘ಸಮ ಮೊತ್ತದ’ ಎಂದಿದೆಯೇ, ಯಾವ ನ್ಯಾಯಾಲಯಕ್ಕೆ ತೃಪ್ತಿಯಾಗುವಂತೆ ಕೊಡಬೇಕು, ಯಾವ ಷರತ್ತಿಗೆ ಎಷ್ಟು ದಿನದ ಗಡುವು. ‘ಒಂದು ಲಕ್ಷ ರೂಪಾಯಿಯ ಮುಚ್ಚಳಿಕೆ ಮತ್ತು ಸಮ ಮೊತ್ತದ ಇಬ್ಬರು ಜಾಮೀನುದಾರರು’ ಎಂದಿದ್ದರೆ ಇಬ್ಬರೂ ತಲಾ ಒಂದು ಲಕ್ಷಕ್ಕೆ ಹೊಣೆ. ತಲಾ ಐವತ್ತು ಸಾವಿರ ಎಂದುಕೊಂಡು ಬಂದವರು ವಾಪಸ್ ಹೋಗಬೇಕಾಗುತ್ತದೆ.

ಆದೇಶ ಹೈಕೋರ್ಟಿನದಾದರೂ ಶ್ಯೂರಿಟಿ ಕೊಡುವುದು ಸಾಮಾನ್ಯವಾಗಿ ಪ್ರಕರಣ ನಡೆಯುತ್ತಿರುವ ಕೆಳಗಿನ ನ್ಯಾಯಾಲಯದಲ್ಲಿ. ಪ್ರಕರಣ ಮ್ಯಾಜಿಸ್ಟ್ರೇಟರಿಂದ ಸೆಷನ್ಸ್ ನ್ಯಾಯಾಲಯಕ್ಕೆ ಒಪ್ಪಿಸಲ್ಪಟ್ಟಿದ್ದರೆ ಕಡತವೂ ಅಲ್ಲೇ ಇರುತ್ತದೆ. ಕಡತ ಇಲ್ಲದ ಕೋರ್ಟಿನ ಮುಂದೆ ಜಾಮೀನುದಾರರನ್ನು ನಿಲ್ಲಿಸಿ ಒಂದು ದಿನ ಕಳೆದುಕೊಳ್ಳುವುದು ಪದೇ ಪದೇ ಆಗುವ ತಪ್ಪು. ಹಿಂದಿನ ದಿನವೇ ಬೆಂಚ್ ಕ್ಲರ್ಕ್ ಹತ್ತಿರ ಕಡತ ಎಲ್ಲಿದೆ ಎಂದು ವಿಚಾರಿಸಿ.

### ಇದು ಡಿಫಾಲ್ಟ್ ಜಾಮೀನಾಗಿದ್ದರೆ ಆತುರ ಬೇಕು

ತನಿಖೆ 60 ಅಥವಾ 90 ದಿನಗಳಲ್ಲಿ ಮುಗಿಯದೆ, ದೋಷಾರೋಪ ಪಟ್ಟಿ ಬಾರದೆ ಸಿಗುವ ಜಾಮೀನು ಇದು, ಕಲಂ 187(3)ರ ಅಡಿ ಬರುತ್ತದೆ. ಎಣಿಕೆ ಶುರುವಾಗುವುದು ಬಂಧನದ ದಿನದಿಂದ ಅಲ್ಲ, ನ್ಯಾಯಾಲಯ ಮೊದಲು ಕಸ್ಟಡಿಗೆ ಒಪ್ಪಿಸಿದ ದಿನದಿಂದ. ಆ ದಿನವನ್ನೂ ಸೇರಿಸಿ ಎಣಿಸಬೇಕೆಂದು ಸುಪ್ರೀಂ ಕೋರ್ಟ್ 2023ರ ಮಾರ್ಚ್‌ನಲ್ಲಿ ಹೇಳಿದೆ. ದೋಷಾರೋಪ ಪಟ್ಟಿ ಬರುವ ಮೊದಲೇ ಅರ್ಜಿ ಬಿದ್ದಿರಬೇಕು. ಜಾಮೀನು ಸಿಕ್ಕ ಮೇಲೆ ನ್ಯಾಯಾಲಯ ಕೊಟ್ಟ ಗಡುವಿನೊಳಗೆ ಶ್ಯೂರಿಟಿ ಕೊಡದೆ ಕೂತರೆ, ಅಷ್ಟರಲ್ಲಿ ದೋಷಾರೋಪ ಪಟ್ಟಿ ಬಂದುಬಿಟ್ಟರೆ, ಕೈಗೆ ಬಂದ ಹಕ್ಕು ಜಾರಿಹೋಗಬಹುದು. ಬೇರೆ ಜಾಮೀನಿನಲ್ಲಿ ತಡವಾದರೆ ಹೋಗುವುದು ದಿನಗಳು ಮಾತ್ರ, ಇಲ್ಲಿ ಜಾಮೀನೇ ಹೋಗುತ್ತದೆ.

## ಹಂತ 2: ಹೆಸರು, ಕಲಂ, ಸಂಖ್ಯೆ ತಾಳೆ ನೋಡಿ

ಜೈಲಿನಲ್ಲಿ ಬಿಡುಗಡೆ ವಿಭಾಗದವರು ನೋಡುವುದು ಒಂದೇ: ಬಂದ ಆದೇಶದಲ್ಲಿರುವ ವಿವರ, ಆರೋಪಿಯನ್ನು ಜೈಲಿಗೆ ಕಳಿಸಿದಾಗ ಕೋರ್ಟ್ ಕೊಟ್ಟ ವಾರಂಟಿನಲ್ಲಿರುವ ವಿವರಕ್ಕೆ ಹೊಂದುತ್ತದೆಯೇ. ವಾರಂಟಿನಲ್ಲಿ ಮೂರು ಕಲಂ ಇದ್ದು ಆದೇಶದಲ್ಲಿ ಎರಡೇ ಇದ್ದರೆ ಅವರು ತಡೆಹಿಡಿಯುತ್ತಾರೆ. ತಂದೆಯ ಹೆಸರು ಬೇರೆಯಾದರೆ, ಅಪರಾಧ ಸಂಖ್ಯೆಯ ವರ್ಷ ತಪ್ಪಿದರೆ ಕಾಗದವನ್ನು ವಾಪಸ್ ಕಳಿಸುತ್ತಾರೆ.

ಉತ್ತರ ಪ್ರದೇಶದಲ್ಲಿ ಒಬ್ಬರಿಗೆ ಸುಪ್ರೀಂ ಕೋರ್ಟಿನಿಂದಲೇ ಜಾಮೀನು ಸಿಕ್ಕಿತ್ತು. ಆದೇಶದಲ್ಲಿ ಒಂದು ಉಪಕಲಂ ಬಿಟ್ಟುಹೋಗಿದೆ ಎಂದು ಜೈಲಿನವರು ಸುಮಾರು ನಾಲ್ಕು ವಾರ ಬಿಡಲಿಲ್ಲ. 2025ರ ಜೂನ್‌ನಲ್ಲಿ ಸುಪ್ರೀಂ ಕೋರ್ಟ್ ಸರ್ಕಾರಕ್ಕೆ 5 ಲಕ್ಷ ರೂಪಾಯಿ ಮಧ್ಯಂತರ ಪರಿಹಾರ ಕೊಡಲು ಹೇಳಿತು, ಇಂಥ ಕ್ಷುಲ್ಲಕ ಕಾರಣಕ್ಕೆ ಯಾರನ್ನೂ ಒಳಗಿಡುವಂತಿಲ್ಲ ಎಂದು ಗದರಿತು. ನ್ಯಾಯ ಸಿಕ್ಕಿತು, ನಿಜ. ಆದರೆ ಆ ನಾಲ್ಕು ವಾರ ಯಾರೂ ಹಿಂದಿರುಗಿಸಲಿಲ್ಲ. ತಪ್ಪನ್ನು ಜೈಲಿನ ಗೇಟಿನಲ್ಲಿ ಕಂಡುಹಿಡಿಯುವುದಕ್ಕಿಂತ ಕೋರ್ಟಿನಲ್ಲೇ ಹಿಡಿಯುವುದು ಮೇಲು.

ಮಾಡಬೇಕಾದದ್ದು ಇಷ್ಟು. ಜಾಮೀನು ಅರ್ಜಿ ಹಾಕುವ ಮೊದಲೇ ಎಫ್‌ಐಆರ್, ರಿಮ್ಯಾಂಡ್ ಅರ್ಜಿ (ಕಸ್ಟಡಿಗೆ ಕೇಳಿ ಪೊಲೀಸರು ಹಾಕಿದ್ದು), ದೋಷಾರೋಪ ಪಟ್ಟಿ ಮೂರನ್ನೂ ಪಕ್ಕದಲ್ಲಿಟ್ಟು ಕಲಂಗಳನ್ನು ಹೋಲಿಸಿ. ತನಿಖೆಯ ನಡುವೆ ಪೊಲೀಸರು ಹೊಸ ಕಲಂ ಸೇರಿಸಿರಬಹುದು. ಅರ್ಜಿಯಲ್ಲಿ ಅದು ಬಾರದಿದ್ದರೆ ಆದೇಶದಲ್ಲೂ ಬರುವುದಿಲ್ಲ. ಆದೇಶವಾದ ಮೇಲೆ ತಪ್ಪು ಕಂಡರೆ ತಿದ್ದುಪಡಿಗೆ ಮೆಮೋ ಹಾಕಲು ಅಂದೇ ವಕೀಲರಿಗೆ ಹೇಳಿ. ಹೆಸರಿಗೆ ‘ಅಲಿಯಾಸ್’ ಇದ್ದರೆ ಅದನ್ನೂ ಬರೆಸಿ. ಎಫ್‌ಐಆರ್‌ನಲ್ಲಿ ‘ಮಂಜ ಅಲಿಯಾಸ್ ಮಂಜುನಾಥ’ ಎಂದಿದ್ದು ಬಿಡುಗಡೆ ಆದೇಶದಲ್ಲಿ ಬರೀ ‘ಮಂಜುನಾಥ’ ಎಂದಿದ್ದರೆ, ಇಬ್ಬರೂ ಒಬ್ಬನೇ ಎಂದು ನಿಮಗೆ ಗೊತ್ತು, ಜೈಲಿನ ಗುಮಾಸ್ತರಿಗೆ ಗೊತ್ತಿಲ್ಲ.

## ಹಂತ 3: ಬೇರೆ ಪ್ರಕರಣ ಬಾಕಿ ಇದೆಯೇ ಎಂದು ಖಚಿತಪಡಿಸಿಕೊಳ್ಳಿ

ಒಂದು ಪ್ರಕರಣದ ಜಾಮೀನು ಇನ್ನೊಂದಕ್ಕೆ ಆಗುವುದಿಲ್ಲ. ಹಳೆಯ ಪ್ರಕರಣದಲ್ಲಿ ಹಾಜರಾಗದೆ ಜಾಮೀನುರಹಿತ ವಾರಂಟ್ ಆಗಿರಬಹುದು, ಬೇರೆ ಠಾಣೆಯವರು ಬಾಡಿ ವಾರಂಟ್, ಅಂದರೆ ಜೈಲಿನಲ್ಲಿರುವವರನ್ನು ತಮ್ಮ ಪ್ರಕರಣದಲ್ಲಿ ಹಾಜರುಪಡಿಸಲು ಕೋರ್ಟಿನ ಆದೇಶ, ತಂದಿರಬಹುದು. ಇವೆಲ್ಲ ಜೈಲಿನ ದಾಖಲೆಯಲ್ಲಿ ನಮೂದಾಗಿರುತ್ತವೆ. ಭೇಟಿಗೆ ಹೋದಾಗ ಒಳಗಿನವರನ್ನೇ ಕೇಳಿ: ‘ಬೇರೆ ಕೋರ್ಟಿಗೆ ಯಾವತ್ತಾದರೂ ಕರೆದುಕೊಂಡು ಹೋಗಿದ್ದರಾ? ವಿಡಿಯೋದಲ್ಲಿ ಹಾಜರುಪಡಿಸಿದ್ದರಾ?’ ಜೈಲಿಗೆ ಬರುವ ಕಾನೂನು ಸೇವಾ ವಕೀಲರ ಮೂಲಕವೂ ಈ ಮಾಹಿತಿ ತರಿಸಬಹುದು.

ಇನ್ನೊಂದು ಪ್ರಕರಣವಿದ್ದು ಅದರಲ್ಲಿ ಇನ್ನೂ ಬಂಧನ ತೋರಿಸಿಲ್ಲವಾದರೆ, ಒಳಗಿದ್ದುಕೊಂಡೇ ಆ ಪ್ರಕರಣಕ್ಕೆ ನಿರೀಕ್ಷಣಾ ಜಾಮೀನು ಕೇಳಬಹುದು. 2024ರ ಸೆಪ್ಟೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟಪಡಿಸಿದೆ. ಬಿಡುಗಡೆಯಾಗಿ ಗೇಟು ದಾಟುತ್ತಿದ್ದಂತೆಯೇ ಮತ್ತೆ ಹಿಡಿಯುವ ಸಂದರ್ಭ ಇದರಿಂದ ತಪ್ಪುತ್ತದೆ.

ಹಲವು ಪ್ರಕರಣಗಳಲ್ಲಿ ಜಾಮೀನು ಸಿಕ್ಕಿ, ಪ್ರತಿಯೊಂದಕ್ಕೂ ಹೊಸ ಜಾಮೀನುದಾರರನ್ನು ಹುಡುಕಲಾಗದವರಿಗೂ ದಾರಿಯಿದೆ. 13 ಪ್ರಕರಣಗಳಲ್ಲಿ ಜಾಮೀನು ಪಡೆದೂ ಒಳಗೇ ಉಳಿದವರೊಬ್ಬರ ಅರ್ಜಿಯಲ್ಲಿ ಸುಪ್ರೀಂ ಕೋರ್ಟ್ 2024ರ ಆಗಸ್ಟ್‌ನಲ್ಲಿ, ಒಂದು ರಾಜ್ಯದ ಎಲ್ಲ ಪ್ರಕರಣಗಳಿಗೂ ಅದೇ ಜಾಮೀನುದಾರರು ಸಾಕು ಎಂದಿತು. ಇದು ತಾನಾಗಿ ಅನ್ವಯವಾಗುವುದಿಲ್ಲ, ಅರ್ಜಿ ಹಾಕಿ ಕೇಳಬೇಕು.

## ಹಂತ 4: ಜಾಮೀನುದಾರರನ್ನು ಆರಿಸಿ

‘ಸಹಿ ಹಾಕಿದರೆ ಸಾಕು’ ಎಂದು ಹೇಳಿ ಯಾರನ್ನೂ ಕರೆತರಬೇಡಿ. ಆರೋಪಿ ತಪ್ಪಿಸಿಕೊಂಡರೆ ಮುಚ್ಚಳಿಕೆ ಜಪ್ತಿಯಾಗುತ್ತದೆ, ಕಲಂ 491ರಂತೆ ಆ ಮೊತ್ತವನ್ನು ಜಾಮೀನುದಾರರಿಂದ ವಸೂಲು ಮಾಡುತ್ತಾರೆ. ಇದನ್ನು ಮುಚ್ಚಿಟ್ಟು ಕರೆತಂದರೆ, ಬಂದ ಜಾಮೀನುದಾರರು ನ್ಯಾಯಾಧೀಶರ ಎರಡನೇ ಪ್ರಶ್ನೆಗೇ ಹೆದರಿ ಹಿಂದೆ ಸರಿಯುತ್ತಾರೆ. ಹೊಣೆಯೆಷ್ಟು, ಹೊರಬರುವ ದಾರಿಯೇನು ಎಂಬ ಎರಡನ್ನೂ ಮೊದಲೇ ಹೇಳಿ. ಮುಂದೆ ಬೇಡವೆನಿಸಿದರೆ ಜಾಮೀನುದಾರರು ಕಲಂ 489ರ ಅಡಿ ಅರ್ಜಿ ಕೊಟ್ಟು ಬಿಡಿಸಿಕೊಳ್ಳಬಹುದು. ಆಗ ಆರೋಪಿ ಹಾಜರಾಗಿ ಬೇರೆಯವರನ್ನು ಕೊಡಬೇಕು, ಕೊಡದಿದ್ದರೆ ಮತ್ತೆ ಜೈಲು.

ಸಾಮಾನ್ಯವಾಗಿ ಒಪ್ಪಿಗೆಯಾಗುವವರು ಮೂರು ಬಗೆ: ಸ್ವಂತ ಹೆಸರಿನಲ್ಲಿ ಜಮೀನು ಇರುವವರು, ಸ್ವಂತ ಹೆಸರಿನಲ್ಲಿ ಮನೆ ಅಥವಾ ನಿವೇಶನ ಇರುವವರು, ಸಂಬಳದ ದಾಖಲೆ ಇರುವ ನೌಕರರು. ‘ಸ್ವಂತ ಹೆಸರಿನಲ್ಲಿ’ ಎಂಬ ಮಾತಿಗೆ ಒತ್ತು ಕೊಡಿ. ಐದು ಅಣ್ಣತಮ್ಮಂದಿರ ಜಂಟಿ ಪಹಣಿ ತಂದು ‘ನನ್ನ ಪಾಲು ಇದೆಯಲ್ಲ’ ಎಂದರೆ ಉಳಿದ ನಾಲ್ವರ ಒಪ್ಪಿಗೆ ಎಲ್ಲಿ ಎಂಬ ಪ್ರಶ್ನೆ ಬರುತ್ತದೆ. ತೀರಿಕೊಂಡ ತಂದೆಯ ಹೆಸರಿನಲ್ಲೇ ಪಹಣಿ ಉಳಿದು ವಾರಸುದಾರರ ಹೆಸರಿಗೆ ಪೌತಿ ಖಾತೆ ಆಗಿಲ್ಲವೆಂದರೆ ಅದು ನಡೆಯುವುದೇ ಇಲ್ಲ.

ಇದೇ ತಾಲ್ಲೂಕಿನವರೇ ಆಗಬೇಕೆಂಬ ಹಟ ಕಾನೂನಿನಲ್ಲಿಲ್ಲ. 1978ರಲ್ಲೇ, ಮಧ್ಯಪ್ರದೇಶದ ಗಾರೆ ಕೆಲಸದವರೊಬ್ಬರ ಪ್ರಕರಣದಲ್ಲಿ, ಜಾಮೀನುದಾರರ ಆಸ್ತಿ ಬೇರೆ ಜಿಲ್ಲೆಯಲ್ಲಿದೆ ಎಂದು ತಿರಸ್ಕರಿಸುವುದು ಸರಿಯಲ್ಲವೆಂದು ಸುಪ್ರೀಂ ಕೋರ್ಟ್ ಹೇಳಿತ್ತು. ಸ್ಥಳೀಯ ಜಾಮೀನುದಾರರಿಗಾಗಿ ಪಟ್ಟು ಹಿಡಿಯುವುದೇ ಬಿಡುಗಡೆ ತಡವಾಗಲು ಒಂದು ಕಾರಣವೆಂದು 2023ರ ಜನವರಿ 31ರ ತನ್ನ ನಿರ್ದೇಶನಗಳಲ್ಲೂ ಅದೇ ಕೋರ್ಟ್ ಹೇಳಿದೆ. ಆದರೂ ಊರು ದೂರವಾದಷ್ಟೂ ಪರಿಶೀಲನೆಗೆ ದಿನ ಹಿಡಿಯುತ್ತದೆ. ಹತ್ತಿರದವರು ಸಿಕ್ಕರೆ ಅವರನ್ನೇ ತನ್ನಿ, ಸಿಗದಿದ್ದರೆ ಮಾತ್ರ ಈ ತೀರ್ಪುಗಳನ್ನು ವಕೀಲರಿಗೆ ನೆನಪಿಸಿ.

### ಬಾಡಿಗೆ ಶ್ಯೂರಿಟಿ ಎಂಬ ಬಲೆ

ಕೋರ್ಟ್ ಆವರಣದಲ್ಲಿ ‘ಶ್ಯೂರಿಟಿ ಬೇಕಾ?’ ಎಂದು ಪಿಸುಗುಡುತ್ತಾ ಬರುವವರಿಂದ ದೂರವಿರಿ. ಅವರ ಕೈಯಲ್ಲಿರುವ ಪಹಣಿ ಬೇರೆಯವರದು, ಆಧಾರ್ ಕಾರ್ಡಿನ ಫೋಟೊ ಮಾತ್ರ ಅವರದು. ಸಿಕ್ಕಿಬಿದ್ದರೆ ನಕಲಿ ದಾಖಲೆ ಸೃಷ್ಟಿಯ ಹೊಸ ಪ್ರಕರಣ ದಾಖಲಾಗುತ್ತದೆ, ಕರೆತಂದವರೂ ಅದರಲ್ಲಿ ಸೇರುತ್ತಾರೆ, ಸಿಕ್ಕ ಜಾಮೀನೂ ಅಪಾಯಕ್ಕೆ ಬೀಳುತ್ತದೆ. ಸಿಕ್ಕಿಬೀಳದಿದ್ದರೂ ಅವರ ಹೆಸರು ಹತ್ತಾರು ಪ್ರಕರಣಗಳಲ್ಲಿರುತ್ತದೆ. ತಾನು ಈಗಾಗಲೇ ಎಷ್ಟು ಜನರಿಗೆ ಜಾಮೀನು ನಿಂತಿದ್ದೇನೆಂದು ಜಾಮೀನುದಾರರು ಕಲಂ 486ರಂತೆ ಘೋಷಿಸಲೇಬೇಕು. ಅಲ್ಲಿ ಸುಳ್ಳು ಹೇಳಿದರೆ ಅದು ನ್ಯಾಯಾಲಯದ ಮುಂದೆ ಹೇಳಿದ ಸುಳ್ಳು.

## ಹಂತ 5: ದಾಖಲೆ ಹೊಂದಿಸಿ

ಹೆಚ್ಚಿನವರು ಎಡವುವುದು ಈ ಹಂತದಲ್ಲಿ. ಜಮೀನು ಇರುವವರು ತರಬೇಕಾದದ್ದು:

- ಈ ಸಾಲಿನ ಪಹಣಿ, ಅಂದರೆ ಆರ್‌ಟಿಸಿ
- ಮ್ಯುಟೇಶನ್ ಪ್ರತಿ, ಅಂದರೆ ಹಕ್ಕು ಬದಲಾವಣೆಯ ದಾಖಲೆ
- ಕಂದಾಯ ಕಟ್ಟಿದ ರಸೀದಿ
- ಆಧಾರ್ ಕಾರ್ಡ್, ಮತದಾರರ ಗುರುತಿನ ಚೀಟಿ ಅಥವಾ ಪಡಿತರ ಚೀಟಿ
- ನಾಲ್ಕು ಪಾಸ್‌ಪೋರ್ಟ್ ಅಳತೆಯ ಫೋಟೊ
- ವಕೀಲರು ಸಿದ್ಧಪಡಿಸುವ ಜಾಮೀನುದಾರರ ಪ್ರಮಾಣಪತ್ರ, ಅಂದರೆ ಅಫಿಡವಿಟ್

ಮನೆ ಅಥವಾ ನಿವೇಶನವಾದರೆ ಪಹಣಿಯ ಬದಲು ಖಾತೆ ಬೇಕು. ಗ್ರಾಮ ಪಂಚಾಯಿತಿ ವ್ಯಾಪ್ತಿಯಲ್ಲಿ ಅದು ಇ-ಸ್ವತ್ತಿನ ನಮೂನೆ 9 ಅಥವಾ 11, ನಗರದಲ್ಲಿ ಆಯಾ ಸಂಸ್ಥೆಯ ಇ-ಖಾತೆ. ಜತೆಗೆ ತೆರಿಗೆ ರಸೀದಿ, ಋಣಭಾರ ಪ್ರಮಾಣಪತ್ರ. ನೌಕರರಾದರೆ ಇತ್ತೀಚಿನ ಸಂಬಳ ಪ್ರಮಾಣಪತ್ರ, ಕಚೇರಿಯ ಗುರುತಿನ ಚೀಟಿ. ಎಲ್ಲದರ ಮೂಲ ಪ್ರತಿ ಕೈಯಲ್ಲಿರಲಿ, ಎರಡು ಜೆರಾಕ್ಸ್ ಸೆಟ್ ಬೇರೆ ಇರಲಿ.

ಪಹಣಿಯಲ್ಲಿ ಎರಡು ಕಡೆ ಕಣ್ಣು ಹಾಯಿಸಿ. ಕಾಲಂ 9ರಲ್ಲಿ ಮಾಲೀಕರ ಹೆಸರು ಮತ್ತು ವಿಸ್ತೀರ್ಣ ಇರುತ್ತದೆ. ಕಾಲಂ 11ರಲ್ಲಿ ಇತರೆ ಹಕ್ಕುಗಳು ಮತ್ತು ಋಣಗಳು. ಬ್ಯಾಂಕಿಗೆ ಆಧಾರ ಮಾಡಿಕೊಟ್ಟ ಸಾಲ ಅಲ್ಲಿ ದಾಖಲಾಗಿದ್ದರೆ, ಜಮೀನಿನ ಬೆಲೆಯಲ್ಲಿ ಆ ಸಾಲ ಕಳೆದು ಎಷ್ಟು ಉಳಿಯುತ್ತದೆ ಎಂದು ಕೇಳುತ್ತಾರೆ. ಸಾಲ ತೀರಿಸಿದ್ದರೂ ನಮೂದು ಅಳಿಸದೆ ಬಿಟ್ಟವರು ನಮ್ಮಲ್ಲಿ ಬೇಕಾದಷ್ಟು ಜನ. ಅಂಥವರು ಬ್ಯಾಂಕಿನ ಬೇಬಾಕಿ ಪತ್ರ ತರಲಿ. ಪರಭಾರೆ (ಬೇರೆಯವರಿಗೆ ವರ್ಗಾವಣೆ) ನಿಷೇಧವಿರುವ ಮಂಜೂರಾದ ಜಮೀನಿಗೂ ತಕರಾರು ಬರಬಹುದು. ಬೆಲೆಯ ಪ್ರಶ್ನೆ ಬಂದರೆ ಉಪನೋಂದಣಿ ಕಚೇರಿಯ ಮಾರ್ಗಸೂಚಿ ಬೆಲೆ ತೋರಿಸಬೇಕಾಗುತ್ತದೆ. ಆ ಸರ್ವೆ ನಂಬರಿನ ಊರಿಗೆ ಎಕರೆಗೆ ಎಷ್ಟಿದೆ ಎಂದು ಮೊದಲೇ ನೋಡಿಟ್ಟುಕೊಳ್ಳಿ.

ಇನ್ನು ಹೆಸರಿನ ಗೊಂದಲ. ಆಧಾರ್‌ನಲ್ಲಿ ‘ನಾಗರಾಜ ಎಂ’, ಪಹಣಿಯಲ್ಲಿ ‘ನಾಗರಾಜಪ್ಪ ಬಿನ್ ಮಲ್ಲಪ್ಪ’, ಪಡಿತರ ಚೀಟಿಯಲ್ಲಿ ‘ನಾಗಪ್ಪ’. ಹೆಣ್ಣುಮಕ್ಕಳ ಪಹಣಿಯಲ್ಲಿ ‘ಕೋಂ’ ಎಂದು ಗಂಡನ ಹೆಸರಿದ್ದರೆ ಆಧಾರ್‌ನಲ್ಲಿ ತಂದೆಯ ಹೆಸರಿರುತ್ತದೆ. ಇಂಥ ಕಡೆ ಎರಡೂ ಹೆಸರು ಒಬ್ಬರದೇ ಎಂಬ ಅಫಿಡವಿಟ್ ಮೊದಲೇ ಮಾಡಿಸಿ. ಹಿಂದಿನ ರಾತ್ರಿ ಎಲ್ಲ ದಾಖಲೆಯನ್ನೂ ಚಾಪೆಯ ಮೇಲೆ ಹರಡಿ ಹೆಸರು, ತಂದೆ ಅಥವಾ ಗಂಡನ ಹೆಸರು, ಊರು ಮೂರನ್ನೂ ಬೆರಳಿಟ್ಟು ಓದಿದರೆ ಮರುದಿನದ ಅರ್ಧ ತೊಂದರೆ ತಪ್ಪುತ್ತದೆ.

## ಹಂತ 6: ಶ್ಯೂರಿಟಿ ಕೊಡುವ ದಿನ

ಶುಕ್ರವಾರ ಸಂಜೆಗೆ ಇಟ್ಟುಕೊಳ್ಳಬೇಡಿ. ಒಂದು ದಾಖಲೆ ಕಡಿಮೆ ಬಿದ್ದರೂ ಕೆಲಸ ಸೋಮವಾರಕ್ಕೆ ಹೋಗಬಹುದು. ನ್ಯಾಯಾಧೀಶರು ಅಂದು ರಜೆಯಲ್ಲಿದ್ದಾರೆಯೇ, ಇದ್ದರೆ ಪ್ರಭಾರ ಯಾವ ನ್ಯಾಯಾಲಯಕ್ಕೆ ಎಂಬುದನ್ನು ಬೆಳಗ್ಗೆಯೇ ತಿಳಿದುಕೊಳ್ಳಿ. ಕಲಾಪ ಶುರುವಾಗುವ ಮೊದಲೇ ಜಾಮೀನುದಾರರು ವಕೀಲರ ಜತೆ ಇರಬೇಕು.

ನ್ಯಾಯಾಧೀಶರು ಕೇಳುವುದು ಸರಳ ಪ್ರಶ್ನೆಗಳು. ಆರೋಪಿ ಯಾರು? ನಿಮಗೆ ಹೇಗೆ ಪರಿಚಯ? ಯಾವ ಪ್ರಕರಣ? ಎಷ್ಟು ಮೊತ್ತಕ್ಕೆ ಜಾಮೀನು ನಿಲ್ಲುತ್ತಿದ್ದೀರಿ? ಅವರು ಬಾರದಿದ್ದರೆ ದುಡ್ಡು ಕಟ್ಟುತ್ತೀರಾ? ನಿಮಗೆ ಎಷ್ಟು ಎಕರೆ, ಸರ್ವೆ ನಂಬರ್ ಏನು? ಬೇರೆ ಯಾರಿಗಾದರೂ ಜಾಮೀನು ನಿಂತಿದ್ದೀರಾ? ಸ್ವಂತ ಜಮೀನಿನ ವಿಸ್ತೀರ್ಣ ಹೇಳಲು ತಡವರಿಸಿದರೆ ಅನುಮಾನ ಹುಟ್ಟುವುದು ಸಹಜ. ಬಾಯಿಪಾಠ ಬೇಡ, ಗೊತ್ತಿರುವುದನ್ನು ಗೊತ್ತಿರುವ ಹಾಗೆ ಹೇಳಿದರೆ ಸಾಕು.

ದಾಖಲೆಗಳನ್ನು ತಹಶೀಲ್ದಾರ್ ಕಚೇರಿ ಅಥವಾ ಠಾಣೆಯ ಮೂಲಕ ಪರಿಶೀಲಿಸಬೇಕು ಎಂದಾದರೆ ದಿನಗಳು ಉರುಳುತ್ತವೆ. ಕಲಂ 485(4) ಪ್ರಕಾರ ಜಾಮೀನುದಾರರ ಯೋಗ್ಯತೆಯನ್ನು ತೀರ್ಮಾನಿಸಲು ನ್ಯಾಯಾಲಯ ಅಫಿಡವಿಟ್ಟನ್ನೇ ಒಪ್ಪಬಹುದು, ಅಗತ್ಯವೆನಿಸಿದರೆ ವಿಚಾರಣೆ ಮಾಡಬಹುದು. ಅಫಿಡವಿಟ್ ಮೇಲೆ ಒಪ್ಪಿಕೊಂಡು ಬಿಡುಗಡೆ ಮಾಡಿ, ಪರಿಶೀಲನೆ ಆಮೇಲೆ ನಡೆಯಲಿ ಎಂದು ವಕೀಲರು ಕೋರಬಹುದು. ಒಪ್ಪುವುದು ಬಿಡುವುದು ನ್ಯಾಯಾಧೀಶರ ವಿವೇಚನೆ.

ಆರೋಪಿಯ ಸ್ವಂತ ಮುಚ್ಚಳಿಕೆಗೆ ಸಹಿ ಎಲ್ಲಿ ಆಗಬೇಕು ಎಂದೂ ಕೇಳಿ. ಜೈಲಿನಲ್ಲೇ ಸಹಿ ಪಡೆಯುವುದಾದರೆ ಆ ಸೂಚನೆ ಕಾಗದದಲ್ಲಿ ಇರಬೇಕು. ಎಲ್ಲ ಮುಗಿದ ಮೇಲೆ ‘ಆಯ್ತು, ಹೋಗಿ’ ಎಂದರೆ ಹೊರಡಬೇಡಿ. ಬಿಡುಗಡೆ ಆದೇಶ ಬರೆದಾಗಿದೆಯೇ, ಸಹಿ ಮತ್ತು ಮೊಹರು ಬಿದ್ದಿದೆಯೇ, ಯಾವ ಜೈಲಿಗೆ ವಿಳಾಸ ಬರೆದಿದ್ದಾರೆ ಎಂಬುದನ್ನು ವಕೀಲರ ಮೂಲಕ ನೋಡಿಯೇ ಹೊರಡಿ.

## ಹಂತ 7: ಬಿಡುಗಡೆ ಆದೇಶ ಜೈಲಿಗೆ ತಲುಪಿಸಿ

ಮುಚ್ಚಳಿಕೆ ಪೂರ್ಣವಾದ ಮೇಲೆ ಜೈಲಿಗೆ ಬಿಡುಗಡೆ ಆದೇಶ ಕಳಿಸುವುದು ಕಲಂ 487ರಂತೆ ನ್ಯಾಯಾಲಯದ ಕೆಲಸ. ಅದು ಇಮೇಲ್‌ನಲ್ಲಿ ಹೋಗುತ್ತದೋ, ಸಿಬ್ಬಂದಿ ಒಯ್ಯುತ್ತಾರೋ ಎಂದು ಕೇಳಿ. ಸಂಜೆ ಕೈದಿಗಳನ್ನು ಎಣಿಸಿ ಬೀಗ ಹಾಕಿದ ಮೇಲೆ ತಲುಪಿದ ಆದೇಶಕ್ಕೆ ಸಾಮಾನ್ಯವಾಗಿ ಮರುದಿನ ಬೆಳಗ್ಗೆಯೇ ಬಿಡುಗಡೆ. ಮಧ್ಯಾಹ್ನದೊಳಗೆ ಶ್ಯೂರಿಟಿ ಮುಗಿಸಿ ಎನ್ನುವುದು ಅದಕ್ಕೇ.

ಇಲ್ಲಿ ಒಂದು ತಪ್ಪು ಪದೇ ಪದೇ ಆಗುತ್ತದೆ. ಜಾಗ ಸಾಲದೆಯೋ ಆಡಳಿತದ ಕಾರಣಕ್ಕೋ ಕೈದಿಯನ್ನು ತಾಲ್ಲೂಕು ಅಥವಾ ಜಿಲ್ಲಾ ಕಾರಾಗೃಹದಿಂದ ಕೇಂದ್ರ ಕಾರಾಗೃಹಕ್ಕೆ ವರ್ಗಾಯಿಸಿರುತ್ತಾರೆ. ಬಿಡುಗಡೆ ಆದೇಶ ಮಾತ್ರ ಹಳೆಯ ಜೈಲಿನ ವಿಳಾಸಕ್ಕೆ ಹೋಗಿ ಕೂರುತ್ತದೆ. ಶ್ಯೂರಿಟಿ ಕೊಡುವ ಹಿಂದಿನ ದಿನ ಭೇಟಿ ಮಾಡಿಯೋ ಜೈಲು ಭೇಟಿಯ ಆನ್‌ಲೈನ್ ವ್ಯವಸ್ಥೆ ಇ-ಮುಲಾಕಾತ್‌ನಲ್ಲಿ ವಿಚಾರಿಸಿಯೋ ಅವರು ಎಲ್ಲಿದ್ದಾರೆ ಎಂದು ಖಚಿತಪಡಿಸಿಕೊಳ್ಳಿ.

ಬಿಡುಗಡೆಗೆ ಜೈಲಿನಲ್ಲಿ ಯಾವ ಶುಲ್ಕವೂ ಇಲ್ಲ. ಹೊರಬರುವಾಗ ಒಳಹೋದಾಗ ಒಪ್ಪಿಸಿದ ವಸ್ತುಗಳು, ಖಾತೆಯಲ್ಲಿ ಉಳಿದ ಹಣ, ಔಷಧದ ಚೀಟಿಗಳನ್ನು ಕೇಳಿ ಪಡೆಯಿರಿ. ಎಷ್ಟು ದಿನ ಒಳಗಿದ್ದರು ಎಂಬ ದೃಢೀಕರಣ ಪತ್ರಕ್ಕೂ ಅರ್ಜಿ ಕೊಡಿ. ಮುಂದೆ ಶಿಕ್ಷೆಯಾದರೆ ಕಲಂ 468ರಂತೆ ಈ ದಿನಗಳನ್ನು ಶಿಕ್ಷೆಯಲ್ಲಿ ಕಳೆಯುತ್ತಾರೆ.

## ಹಂತ 8: ಜಾಮೀನುದಾರರೇ ಸಿಗದಿದ್ದರೆ

ಕೈಚೆಲ್ಲಿ ಕೂರುವ ಮೊದಲು ಈ ದಾರಿಗಳನ್ನು ಇದೇ ಕ್ರಮದಲ್ಲಿ ನೋಡಿ.

ಕಾನೂನು ಸೇವಾ ಪ್ರಾಧಿಕಾರ. ಕಸ್ಟಡಿಯಲ್ಲಿರುವ ಯಾರಿಗಾದರೂ, ಆದಾಯ ಎಷ್ಟೇ ಇರಲಿ, ಉಚಿತ ವಕೀಲರ ಹಕ್ಕಿದೆ. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯ ಕಲಂ 12 ಹಾಗೆ ಹೇಳುತ್ತದೆ. ಜಿಲ್ಲಾ ನ್ಯಾಯಾಲಯದ ಆವರಣದಲ್ಲಿ ಜಿಲ್ಲಾ ಪ್ರಾಧಿಕಾರದ ಕಚೇರಿ ಇರುತ್ತದೆ, ತಾಲ್ಲೂಕಿನಲ್ಲಿ ಸಮಿತಿ ಇರುತ್ತದೆ. ಸಹಾಯವಾಣಿ ಸಂಖ್ಯೆ 15100.

ಏಳು ದಿನದ ನಿಯಮ. 2023ರ ಜನವರಿ 31ರ ಸುಪ್ರೀಂ ಕೋರ್ಟ್ ನಿರ್ದೇಶನದಂತೆ, ಜಾಮೀನು ಆದೇಶದ ಪ್ರತಿಯನ್ನು ನ್ಯಾಯಾಲಯ ಅದೇ ದಿನ ಅಥವಾ ಮರುದಿನ ಜೈಲು ಅಧೀಕ್ಷಕರ ಮೂಲಕ ಕೈದಿಗೆ ಇಮೇಲ್‌ನಲ್ಲಿ ಕಳಿಸಬೇಕು. ಏಳು ದಿನದಲ್ಲಿ ಬಿಡುಗಡೆ ಆಗದಿದ್ದರೆ ಅಧೀಕ್ಷಕರು ಜಿಲ್ಲಾ ಪ್ರಾಧಿಕಾರದ ಕಾರ್ಯದರ್ಶಿಗೆ ತಿಳಿಸಬೇಕು. ಅವರು ಕಾನೂನು ಸ್ವಯಂಸೇವಕರನ್ನೋ ವಕೀಲರನ್ನೋ ಕಳಿಸಿ ಕಾರಣ ತಿಳಿಯಬಹುದು. ತಾವಾಗಿಯೇ ನಡೆಯುತ್ತದೆಂದು ಕಾಯಬೇಡಿ. ಎಂಟನೇ ದಿನ ನೀವೇ ಕಾರ್ಯದರ್ಶಿಗೆ ಒಂದು ಪುಟದ ಅರ್ಜಿ ಕೊಟ್ಟು ಸ್ವೀಕೃತಿ ಪಡೆಯಿರಿ.

ಷರತ್ತು ಸಡಿಲಿಸುವ ಅರ್ಜಿ. ಮೊತ್ತ ಹೆಚ್ಚಾಯಿತೆಂದರೆ, ಇಬ್ಬರ ಬದಲು ಒಬ್ಬರೇ ಸಾಕೆಂದರೆ, ಆದೇಶ ಕೊಟ್ಟ ನ್ಯಾಯಾಲಯವನ್ನೇ ಕೇಳಬಹುದು. ಮುಚ್ಚಳಿಕೆಯ ಮೊತ್ತ ವಿಪರೀತ ಆಗಬಾರದು ಎಂದು ಕಲಂ 484 ಹೇಳುತ್ತದೆ, ಅದನ್ನು ಇಳಿಸುವ ಅಧಿಕಾರ ಸೆಷನ್ಸ್ ನ್ಯಾಯಾಲಯಕ್ಕೂ ಹೈಕೋರ್ಟಿಗೂ ಇದೆ. ಅರ್ಜಿಯ ಜತೆ ಬಿಪಿಎಲ್ ಚೀಟಿ, ಉದ್ಯೋಗ ಖಾತ್ರಿ ಜಾಬ್ ಕಾರ್ಡ್, ಮನೆಯಲ್ಲಿ ದುಡಿಯುವವರು ಎಷ್ಟು ಜನ ಎಂಬ ಅಫಿಡವಿಟ್ ಇರಲಿ. ‘ಬಡವರು’ ಎಂದು ಬರೆದರೆ ಸಾಲದು, ಕಾಗದ ತೋರಿಸಬೇಕು. ಒಂದು ತಿಂಗಳಾದರೂ ಶ್ಯೂರಿಟಿ ಕೊಡಲಾಗದಿದ್ದರೆ ನ್ಯಾಯಾಲಯ ಸ್ವಯಂಪ್ರೇರಿತವಾಗಿಯೂ ಷರತ್ತು ಸಡಿಲಿಸಬಹುದು.

ತಾತ್ಕಾಲಿಕ ಜಾಮೀನು. ಹೊರಗೆ ಬಂದರೆ ತಾನೇ ಜಾಮೀನುದಾರರನ್ನು ಹೊಂದಿಸುತ್ತೇನೆ ಎಂದು ಆರೋಪಿ ಕೇಳಿದರೆ, ಸೂಕ್ತವೆನಿಸಿದಲ್ಲಿ ನಿಗದಿತ ದಿನಗಳಿಗೆ ತಾತ್ಕಾಲಿಕ ಜಾಮೀನು ಕೊಡಬಹುದು. ಇದೂ ಅದೇ 2023ರ ನಿರ್ದೇಶನದಲ್ಲಿದೆ. ಊರಿನಿಂದ ದೂರ ಕೂಲಿಗೆ ಬಂದು ಸಿಕ್ಕಿಬಿದ್ದವರಿಗೆ ಇದು ಬಹಳ ಉಪಯೋಗ.

ನಗದು ಠೇವಣಿ. ಮುಚ್ಚಳಿಕೆಯ ಬದಲು ಹಣ ಠೇವಣಿ ಇಡಲು ಕಲಂ 490ರ ಅಡಿ ನ್ಯಾಯಾಲಯ ಅನುಮತಿಸಬಹುದು. ರಸೀದಿಯನ್ನು ಜೋಪಾನ ಮಾಡಿ, ಪ್ರಕರಣ ಮುಗಿದ ಮೇಲೆ ಹಣ ವಾಪಸ್ ಪಡೆಯಲು ಅದು ಬೇಕು.

ಬಡ ಕೈದಿಗಳ ನೆರವು ಯೋಜನೆ. ಕೇಂದ್ರ ಗೃಹ ಸಚಿವಾಲಯದ 2023ರ ಮಾರ್ಗಸೂಚಿಯಲ್ಲಿ ವಿಚಾರಣಾಧೀನ ಕೈದಿಯ ಜಾಮೀನಿಗೆ 40,000 ರೂಪಾಯಿವರೆಗೆ, ಶಿಕ್ಷೆಯಾದವರ ದಂಡಕ್ಕೆ 25,000 ರೂಪಾಯಿವರೆಗೆ ನೆರವು ಇಟ್ಟಿದ್ದರು. ಈಗಿನ ಮಿತಿ ಎಷ್ಟೆಂದು ಜಿಲ್ಲಾ ಪ್ರಾಧಿಕಾರದಲ್ಲಿ ಕೇಳಿ. ನಿರ್ಧರಿಸುವುದು ಜಿಲ್ಲಾ ಮಟ್ಟದ ಸಮಿತಿ. ಭ್ರಷ್ಟಾಚಾರ ತಡೆ, ಅಕ್ರಮ ಹಣ ವರ್ಗಾವಣೆ ತಡೆ, ಮಾದಕ ವಸ್ತು, ಕಾನೂನುಬಾಹಿರ ಚಟುವಟಿಕೆ ತಡೆ ಕಾಯ್ದೆಗಳ ಪ್ರಕರಣಗಳಿಗೆ ಇದು ಅನ್ವಯಿಸುವುದಿಲ್ಲ. ಅರ್ಜಿ ಜೈಲು ಅಧೀಕ್ಷಕರ ಅಥವಾ ಜಿಲ್ಲಾ ಪ್ರಾಧಿಕಾರದ ಮೂಲಕ.

ಒಳಗೆ ಬಹಳ ಕಾಲವಾಗಿದ್ದರೆ ಕಲಂ 479 ನೋಡಿ. ಆ ಅಪರಾಧಕ್ಕಿರುವ ಗರಿಷ್ಠ ಶಿಕ್ಷೆಯ ಅರ್ಧ ಅವಧಿ, ಹಿಂದೆಂದೂ ಶಿಕ್ಷೆಯಾಗಿರದವರಾದರೆ ಮೂರನೇ ಒಂದು ಭಾಗ ಕಳೆದಿದ್ದರೆ ಬಿಡುಗಡೆ ಕೇಳಬಹುದು. ಮರಣದಂಡನೆ, ಜೀವಾವಧಿ ಶಿಕ್ಷೆಯ ಅಪರಾಧಗಳಿಗೆ ಇದಿಲ್ಲ. ಒಂದಕ್ಕಿಂತ ಹೆಚ್ಚು ಪ್ರಕರಣ ಬಾಕಿ ಇದ್ದರೂ ತೊಡಕಾಗುತ್ತದೆ. ಅರ್ಜಿ ಕೊಡುವ ಹೊಣೆ ಜೈಲು ಅಧೀಕ್ಷಕರ ಮೇಲೂ ಇದೆ. 2024ರ ಜುಲೈಗೆ ಮೊದಲು ದಾಖಲಾದ ಪ್ರಕರಣಗಳಿಗೂ ಇದು ಅನ್ವಯಿಸುತ್ತದೆ.

## ಎಚ್ಚರಿಕೆಯ ಸೂಚನೆಗಳು

ಕೆಳಗಿನ ಮಾತುಗಳು ಕಿವಿಗೆ ಬಿದ್ದರೆ ಅಲ್ಲೇ ನಿಂತು ವಿಚಾರಿಸಿ.

‘ಆರ್ಡರ್ ಕಾಪಿ ಬೇಡ, ನಾನು ನೋಡಿಕೊಳ್ಳುತ್ತೇನೆ.’ ಕಾಪಿ ನಿಮ್ಮ ಕೈಯಲ್ಲೂ ಇರಬೇಕು.

‘ಜೈಲಿನವರಿಗೆ ಇಷ್ಟು ಕೊಟ್ಟರೆ ಇವತ್ತೇ ಬಿಡುತ್ತಾರೆ.’ ಬಿಡುಗಡೆ ಆದೇಶ ಸರಿಯಿದ್ದರೆ ಕೊಡುವ ಅಗತ್ಯವಿಲ್ಲ, ಸರಿಯಿಲ್ಲದಿದ್ದರೆ ಕೊಟ್ಟರೂ ಬಿಡುವುದಿಲ್ಲ.

‘ಖಾಲಿ ಹಾಳೆಗೆ ಸಹಿ ಮಾಡಿ, ಆಮೇಲೆ ತುಂಬಿಸುತ್ತೇವೆ.’ ಜಾಮೀನುದಾರರಿಂದ ಎಂದೂ ಮಾಡಿಸಬೇಡಿ.

‘ಆದೇಶ ತಲುಪಿದೆ, ಆದರೆ ಕ್ಲಿಯರ್ ಇಲ್ಲ.’ ಯಾವ ಸಾಲು ಕ್ಲಿಯರ್ ಇಲ್ಲ ಎಂದು ಕೇಳಿ, ಬರೆದುಕೊಳ್ಳಿ, ಅಂದೇ ವಕೀಲರಿಗೆ ಕಳಿಸಿ. ಬಾಯಿಮಾತಿನ ಆಕ್ಷೇಪಣೆಗೆ ತಿದ್ದುಪಡಿ ಆದೇಶ ತರುವುದು ಕಷ್ಟ.

## ಹಂತ 9: ಹೊರಬಂದ ಮೊದಲ ತಿಂಗಳು

ಷರತ್ತುಗಳನ್ನು ಕ್ಯಾಲೆಂಡರಿನ ಮೇಲೆ ಬರೆಯಿರಿ. ಪ್ರತಿ ಭಾನುವಾರ ಠಾಣೆಗೆ ಹಾಜರಾಗಬೇಕೆಂದಿದ್ದರೆ ಹೋಗಿ ಸಹಿ ಮಾಡಿ, ಸಾಧ್ಯವಾದರೆ ಆ ಪುಟದ ಫೋಟೊ ಇಟ್ಟುಕೊಳ್ಳಿ. ‘ಸಾಹೇಬರಿಲ್ಲ, ನಾಳೆ ಬಾ’ ಎಂದರೆ ಬಂದ ಸಮಯವನ್ನು ವಕೀಲರಿಗೆ ಸಂದೇಶದಲ್ಲಿ ತಿಳಿಸಿಡಿ. ಜಿಲ್ಲೆ ಬಿಡಬಾರದೆಂದಿದ್ದರೆ ಸೋದರಮಾವನ ಮನೆಯ ಮದುವೆಗೂ ಅನುಮತಿ ಬೇಕು. ದೂರುದಾರರ ಬೀದಿಯಲ್ಲಿ ಓಡಾಡಿದರೂ ಸಾಕ್ಷಿಗಳನ್ನು ಬೆದರಿಸಿದರು ಎಂಬ ದೂರಿಗೆ ದಾರಿಯಾಗಬಹುದು.

ಮುಂದಿನ ದಿನಾಂಕವನ್ನು ಸಿಎನ್‌ಆರ್ ಸಂಖ್ಯೆ ಹಾಕಿ ಇ-ಕೋರ್ಟ್ಸ್ ಆ್ಯಪ್‌ನಲ್ಲಿ ವಾರಕ್ಕೊಮ್ಮೆ ನೋಡಿ. ಹುಷಾರಿಲ್ಲದಿದ್ದರೆ ವೈದ್ಯರ ಚೀಟಿಯನ್ನು ದಿನಾಂಕಕ್ಕೆ ಮೊದಲೇ ವಕೀಲರಿಗೆ ತಲುಪಿಸಿ, ಕಲಂ 355ರ ಅಡಿ ಅಂದಿನ ಹಾಜರಾತಿಗೆ ವಿನಾಯಿತಿ ಕೇಳಬಹುದು. ಏನೂ ಹೇಳದೆ ಗೈರಾದರೆ ಜಾಮೀನುರಹಿತ ವಾರಂಟ್ ಹೊರಡುತ್ತದೆ, ಜಾಮೀನುದಾರರ ಮನೆಗೆ ನೋಟಿಸ್ ಹೋಗುತ್ತದೆ. ಸಾಕಷ್ಟು ಕಾರಣವಿಲ್ಲದೆ ಹಾಜರಾಗದಿರುವುದು ಭಾರತೀಯ ನ್ಯಾಯ ಸಂಹಿತೆಯ ಕಲಂ 269ರಂತೆ ಒಂದು ವರ್ಷದವರೆಗೆ ಶಿಕ್ಷೆಯಿರುವ ಬೇರೆಯೇ ಅಪರಾಧ.

ಜಾಮೀನುದಾರರ ಫೋನ್ ನಂಬರ್, ಮನೆ ವಿಳಾಸ ಬದಲಾದರೆ ಅದನ್ನೂ ವಕೀಲರ ಮೂಲಕ ನ್ಯಾಯಾಲಯಕ್ಕೆ ತಿಳಿಸಿ. ಅವರು ಆ ಜಮೀನನ್ನು ಮಾರುವ ಯೋಚನೆಯಲ್ಲಿದ್ದರೆ ಮಾರಾಟಕ್ಕೆ ಮೊದಲೇ ಬದಲಿ ಜಾಮೀನುದಾರರನ್ನು ಕೊಡಿ. ಪ್ರಕರಣ ಮುಗಿದ ದಿನ, ಕೋರ್ಟಿನಲ್ಲಿ ಅವರ ಮೂಲ ದಾಖಲೆ ಏನಾದರೂ ಉಳಿದಿದ್ದರೆ ಅರ್ಜಿ ಕೊಟ್ಟು ವಾಪಸ್ ಪಡೆದು ಅವರ ಕೈಗೇ ಕೊಡಿ.